ತೂತು ಯಾವ ಕಡೆಗೆ

ಮಾರ್ಚ್ ೩, ಮಂಗಳವಾರ

ಯಾರದು ಈ ಪುಸ್ತಕ ತೆಗೆದವರು? ಕೈಗೆ ಬೇರೆ ಕೆಲಸ ಸಿಗಲಿಲ್ಲವೇ? ಇನ್ನೊಬ್ಬರ ದಿಂಬಿನ ಕೆಳಗೆ ಕೈ ಹಾಕಿ ಓದುವುದನ್ನು ಯಾವ ಶಾಲೆಯಲ್ಲಿ ಹೇಳಿಕೊಟ್ಟರು? ನಾನು ಓದಿದ್ದು ಹಳ್ಳಿಯ ನಾಲ್ಕನೇ ಕ್ಲಾಸು, ಅದೂ ಮೇಷ್ಟ್ರು ಬಂದ ದಿನ ಮಾತ್ರ. ನನಗಿರುವಷ್ಟು ಮರ್ಯಾದೆ ನಿಮಗಿಲ್ಲವೆಂದರೆ ನಿಮ್ಮ ಡಿಗ್ರಿಯನ್ನು ಒಲೆಗೆ ಹಾಕಿ. ಮುಚ್ಚಿಟ್ಟು ಹೋಗಿ. ಹೋಗುವುದಿಲ್ಲವೆಂದರೆ ಓದಿಕೊಳ್ಳಿ, ಆದರೆ ನಿಮ್ಮ ಬಗ್ಗೆ ಬರೆದದ್ದು ಸಿಕ್ಕಿತೆಂದು ಮುಖ ಊದಿಸಿಕೊಂಡು ನನ್ನೆದುರು ಬರಬೇಡಿ.

ಬರೆಯುವುದು ನನ್ನ ಶೋಕಿಯಲ್ಲ. ನಮ್ಮ ಯಜಮಾನರಿಗೆ ಲಕ್ವ ಹೊಡೆಯಿತು. ಕಾಲು ಉಳಿಯಿತು, ಮಾತು ಹೋಯಿತು. ಆಸ್ಪತ್ರೆಯಿಂದ ಬಂದ ಮೇಲೆ ಮಾತು ಕಲಿಸಲು ಒಬ್ಬಳು ಟೀಚರ್ ಬರುತ್ತಾಳೆ. ಬಂದ ಮೊದಲ ದಿನವೇ ನನಗೆ ಪಾಠ. "ಅಮ್ಮಾ, ಅವರ ಬದಲು ನೀವು ಮಾತಾಡ್ಬೇಡಿ. ಅವರು ಹುಡುಕ್ತಿರೋ ಮಾತನ್ನ ನೀವು ಬಾಯಿಂದ ಕಿತ್ಕೊಳ್ತಿದೀರಿ. ಇನ್ನು ಮೂರು ನಾಲ್ಕು ತಿಂಗಳೇ ಮುಖ್ಯ. ಈಗ ಬಂದಷ್ಟು ಬಂತು, ಆಮೇಲೆ ಕಷ್ಟ."

ಇವರು ಬಸ್ ಸ್ಟ್ಯಾಂಡಿನಲ್ಲಿ ಮೈಕ್ ಹಿಡಿದು ಬಸ್ಸು ಕೂಗುತ್ತಿದ್ದ ಮನುಷ್ಯ. ಮನೆಗೆ ಬಂದರೂ ಮೈಕು ಗಂಟಲಲ್ಲೇ. ಉಪ್ಪು ಬೇಕಾದರೂ ಬೀದಿಗೆಲ್ಲ ಪ್ರಕಟಣೆ. ಇಷ್ಟು ವರ್ಷ ಇವರ ಮಾತಿನ ನಡುವೆ ನನಗೆ ಸಿಕ್ಕ ಸಂದು ಎಷ್ಟೆಂದು ಆ ಹುಡುಗಿಗೇನು ಗೊತ್ತು? ಈಗ ನನ್ನ ಸರದಿ ಬಂದಾಗ ಬಾಯಿಗೆ ಬೀಗ. ಹೊಟ್ಟೆಯೊಳಗೆ ಉಳಿದ ಮಾತು ಹುಳಿಯುತ್ತದೆ. ಅದಕ್ಕೆ ಈ ಪುಸ್ತಕ.

ಮಾರ್ಚ್ ೯, ಸೋಮವಾರ

ನಮ್ಮದು ಹೆದ್ದಾರಿಗೆ ಮುಖ ಮಾಡಿದ ಮಹಡಿ ಮನೆ. ಎರಡೇ ಕೋಣೆ, ಎರಡೂ ರಸ್ತೆಯ ಕಡೆಗೇ ಕಣ್ಣು ಬಿಟ್ಟುಕೊಂಡಿವೆ. ರಸ್ತೆಯಾಚೆ ಉದ್ದಕ್ಕೂ ಹಸಿರು ಬಣ್ಣದ ತಗಡಿನ ಗೋಡೆ. ಸದ್ದು ತಡೆಯುವ ಗೋಡೆಯಂತೆ. ಇವರು ಆಸ್ಪತ್ರೆಯಲ್ಲಿದ್ದಾಗ ಎದ್ದು ನಿಂತಿತು. ಅದಕ್ಕೆ ನಕ್ಷೆ ಬರೆದು, ಲೆಕ್ಕ ಹಾಕಿದವಳು ಬೇರೆ ಯಾರೂ ಅಲ್ಲ, ನಮ್ಮ ಮನೆಯ ಗೋಡೆರಾಣಿ. ನನ್ನ ಸೊಸೆ. ರಸ್ತೆ ಇಲಾಖೆಯಲ್ಲಿ ಇಂಜಿನಿಯರು. ಅಷ್ಟು ವರ್ಷ ಕಣ್ಣು ಕೆಡಿಸಿಕೊಂಡು ಓದಿ ಕಲಿತದ್ದು ಗೋಡೆ. ನಮ್ಮ ಹಳ್ಳಿಯಲ್ಲಿ ಗೋಡೆ ಕಟ್ಟುವವನು ಹಾಡು ಹೇಳುತ್ತ ಕಟ್ಟುತ್ತಿದ್ದ, ಸಂಜೆಗೆ ಮುಗಿಯುತ್ತಿತ್ತು.

"ಆಚೆಯವರಿಗೆ ಗೋಡೆ, ನಮಗೇನೇ?" ಎಂದು ಕೇಳಿದೆ.

"ಈ ಕಡೆ ಕೆಳಗೆಲ್ಲ ಅಂಗಡಿ ಅತ್ತೆ. ಬಾಗಿಲು ರಸ್ತೆಗೇ ತೆರೀತವೆ. ಗೋಡೆ ನಿಲ್ಲಿಸಿದ್ರೆ ಗಿರಾಕಿ ಹಾರ್ಕೊಂಡು ಬರ್ಬೇಕಾ?"

"ಗಿರಾಕಿ ಬಿಡು. ಗೋಡೆ ಬಂದ ಮೇಲೆ ನಮ್ಮ ಮನೇಲಿ ಸದ್ದು ಜಾಸ್ತಿ ಆಗಿದೆ."

"ಹಾಗೆ ಅನ್ಸುತ್ತೆ ಅಷ್ಟೆ" ಎಂದಳು. ನನ್ನ ಮುಖ ನೋಡಲಿಲ್ಲ. ಊರಿಗೆ ಉಪಕಾರಿ, ಮನೆಗೆ ಮಾರಿ ಎಂದು ನಮ್ಮ ಹಿರಿಯರು ಇವಳನ್ನು ನೋಡದೆಯೇ ಹೇಳಿಟ್ಟಿದ್ದಾರೆ.

ಮಾರ್ಚ್ ೧೭, ಮಂಗಳವಾರ

ಇವತ್ತಿನಿಂದ ಪಾಠ ಬಚ್ಚಲುಮನೆಯಲ್ಲಿ.

ಸುಳ್ಳಲ್ಲ. ಟೀಚರ್ ಚಿತ್ರದ ಕಾರ್ಡು ತೋರಿಸಿ "ಇದೇನು, ಹೇಳಿ" ಎನ್ನುತ್ತಾಳೆ. ಇವರು ತುಟಿ ಜೋಡಿಸಿ, ಕಣ್ಣು ಕಿರಿದು ಮಾಡಿ, ಎಲ್ಲಿಂದಲೋ ಒಂದಕ್ಷರ ಎಳೆದು ತರುವಷ್ಟರಲ್ಲಿ ಲಾರಿ. ಅಕ್ಷರ ಲಾರಿಯ ಗಾಲಿಗೆ. ಮತ್ತೆ ಮೊದಲಿಂದ. ಇವರಿಗೆ ಈಗ ದನಿಯೇ ಇಲ್ಲ, ಉಸಿರಿಗೆ ಒಂದಿಷ್ಟು ಬಣ್ಣ ಹಚ್ಚಿದ ಹಾಗೆ, ಅಷ್ಟೆ. ಟೀಚರ್ ಮನೆಯೆಲ್ಲ ಸುತ್ತಿ, "ಇಲ್ಲಿ ಸ್ವಲ್ಪ ವಾಸಿ" ಎಂದು ಬಚ್ಚಲಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿಸಿದಳು. ಬಕೆಟ್ಟಿನ ಪಕ್ಕದಲ್ಲಿ ಯಜಮಾನರು, ಕೊಳಾಯಿಯ ಪಕ್ಕದಲ್ಲಿ ಗುರುಗಳು. ಒಂದು ಕಾಲದಲ್ಲಿ ಊರ ಬಸ್ಸುಗಳನ್ನೆಲ್ಲ ಕೂಗಿ ಕಳಿಸಿದ ಬಾಯಿಗೆ ಈಗ ಸಿಕ್ಕಿದ್ದು ಬಚ್ಚಲು.

ಬಾಗಿಲ ಹೊರಗೆ ನಾನು ಬಟ್ಟೆ ಮಡಚುತ್ತ ಕುಳಿತಿದ್ದೆ. ಮಡಚಿದ್ದನ್ನೇ ಮತ್ತೆ ಮಡಚಿದೆ. ಏನಾದರೂ ಹೇಳಿಯಾರೆಂದಲ್ಲ, ಬೇರೆ ಕೆಲಸವಿರಲಿಲ್ಲ.

ಮಾರ್ಚ್ ೨೦, ಶುಕ್ರವಾರ

ಒಂದು ಮಾತೂ ಇಲ್ಲ. ದಿನವೆಲ್ಲ ಲಾರಿಗಳದ್ದೇ ಸಭೆ, ಬಸ್ಸುಗಳದ್ದೇ ಭಾಷಣ.

ಮಾರ್ಚ್ ೨೮, ಶನಿವಾರ

ಇವರ ಔಷಧಿ ತರಲು ಕಬ್ಬಿಣದ ಸೇತುವೆ ಹತ್ತಿ ರಸ್ತೆಯಾಚೆ ಹೋದೆ. ಔಷಧಿ ಅಂಗಡಿ ಆ ಗೋಡೆಯ ಬೆನ್ನ ಹಿಂದೆಯೇ ಇದೆ. ಇಳಿದೆ, ನನ್ನ ಚಪ್ಪಲಿಯ ಸದ್ದು ನನಗೇ ಕೇಳಿಸಿತು. ಯಾರೋ ಮನೆಯೊಳಗೆ ಚಮಚ ಬೀಳಿಸಿದ್ದು ಕೇಳಿಸಿತು. ಎಲ್ಲೋ ಒಬ್ಬಳು ಅತ್ತೆಯನ್ನು ಬೈಯುತ್ತಿದ್ದಳು, ಒಂದೊಂದು ಅಕ್ಷರವೂ ಸ್ಪಷ್ಟ.

ಅಂಗಡಿಯವನು ಹಲ್ಲು ಬಿಟ್ಟ. "ಅಮ್ಮಾ, ನಿಮ್ಮ ಸೊಸೆಗೆ ಕೈ ಮುಗೀಬೇಕು. ಇಷ್ಟು ವರ್ಷಕ್ಕೆ ಈಗ ಹೆಂಡ್ತಿ ಕರೆದಿದ್ದು ಕೇಳುಸ್ತಿದೆ."

"ಹಾಗಾದ್ರೆ ನಿಂಗೆ ನಷ್ಟವೇ ಆಯ್ತಲ್ಲಪ್ಪ" ಎಂದೆ.

ಮಾತ್ರೆ ಕೈಗೆ ಬಂದ ಮೇಲೂ ಅಲ್ಲೇ ನಿಂತಿದ್ದೆ. ಕಾಲು ನೋಯುತ್ತಿತ್ತು, ಅದಕ್ಕೆ. ಹಾಗೇ ಗೋಡೆಯನ್ನು ನೋಡಿದೆ. ರಸ್ತೆಗೆ ಕಾಣುವ ಮೈ ನುಣ್ಣಗೆ, ಹೊಸ ಪಾತ್ರೆಯ ಹಾಗೆ ಫಳಫಳ. ಈ ಕಡೆಯ ಮೈ ತುಂಬ ತೂತು, ಜರಡಿಯ ಹಾಗೆ.

ಮನೆಗೆ ಬಂದು ಚುಚ್ಚಿದೆ. "ನಿನ್ನ ಗೋಡೆಗೆ ಆಗಲೇ ಹುಳ ಹಿಡಿದಿದೆಯಲ್ಲೇ. ಹಿಂದೆಲ್ಲ ತೂತು."

ತರಕಾರಿ ಹೆಚ್ಚುತ್ತಿದ್ದವಳು ಚಾಕು ಕೆಳಗಿಟ್ಟಳು. ಕೈ ತೊಳೆದಳು. ಮತ್ತೆ ತೊಳೆದಳು. ಹೋಗಿ ಕೋಣೆಯ ಬಾಗಿಲು ಹಾಕಿಕೊಂಡಳು. ಒಂದು ಮಾತು ತಡೆಯುವ ಶಕ್ತಿಯಿಲ್ಲದವಳು ಸದ್ದು ತಡೆಯುತ್ತಾಳಂತೆ. ಉಳಿದ ತರಕಾರಿ ನಾನೇ ಹೆಚ್ಚಬೇಕಾಯಿತು.

ಏಪ್ರಿಲ್ ೨, ಗುರುವಾರ

ಸಂಜೆ ಗೋಡೆರಾಣಿ ಆಫೀಸಿನಿಂದ ಒಂದು ಯಂತ್ರ ತಂದಳು. ಟಾರ್ಚಿನಷ್ಟು ಉದ್ದ, ತುದಿಗೆ ಕಪ್ಪು ಸ್ಪಂಜಿನ ಉಂಡೆ. ಕಿಟಕಿಯ ಹೊರಗೆ ಹಿಡಿದು, ಉಸಿರು ಬಿಗಿಹಿಡಿದು ನಿಂತಳು. ಆಮೇಲೆ ನನ್ನ ಪಕ್ಕದಲ್ಲಿ ನೆಲದ ಮೇಲೆ ಕೂತಳು. ಮದುವೆಯಾಗಿ ಬಂದಾಗಿನಿಂದ ನನ್ನ ಪಕ್ಕ ಅವಳು ನೆಲದ ಮೇಲೆ ಕೂತದ್ದಿಲ್ಲ.

"ಮೂರು ಅಂಕ ಜಾಸ್ತಿ ಇದೆ ಅತ್ತೆ. ಗೋಡೆಗೆ ಮುಂಚೆ ಅಳೆದಿದ್ದಕ್ಕಿಂತ ಮೂರು."

"ಮೂರು ಅಂದ್ರೆ ಏನು? ಮೂರು ಕಾಸಿನದ್ದೋ, ಮೂರು ಮಣದ್ದೋ?"

"ಒಂದು ಲಾರಿ ಹೋದಾಗ ಪಕ್ಕದಲ್ಲೇ ಇನ್ನೊಂದು ಹೋದ ಹಾಗೆ."

ಆಮೇಲೆ ತಾನಾಗಿಯೇ ಬಿಡಿಸಿ ಹೇಳಿದಳು. ಆ ತಗಡಿನ ಹೊಟ್ಟೆಯಲ್ಲಿ ಕಲ್ಲು ಕರಗಿಸಿ ಮಾಡಿದ ಹತ್ತಿಯಂಥದ್ದು ಇದೆಯಂತೆ. ತೂತಿನ ಮೈ ರಸ್ತೆಯ ಕಡೆಗಿರಬೇಕು. ಸದ್ದು ತೂತಿನೊಳಗೆ ಹೊಕ್ಕು ಹತ್ತಿಯಲ್ಲಿ ಸಾಯುತ್ತದೆ. ನುಣುಪು ಮೈ ರಸ್ತೆಗಿದ್ದರೆ ಚೆಂಡು ಗೋಡೆಗೆ ಬಡಿದ ಹಾಗೆ ವಾಪಸ್ಸು ಎದುರು ಮನೆಗೆ. ಎದುರು ಮನೆ ಎಂದರೆ ನಾವು.

"ಹಾಗಾದ್ರೆ ತಿರುಗಾಮುರುಗಾ ಯಾಕೆ ಹಾಕಿದ್ರಿ?"

"ನಮ್ಮ ದೊಡ್ಡ ಸಾಹೇಬ್ರು ಹಾಕ್ಸಿದ್ದು. ತೂತಿನ ಕಡೆ ನೋಡಕ್ಕೆ ಚೆನ್ನಾಗಿಲ್ಲ, ದೊಡ್ಡೋರು ಕಾರಲ್ಲಿ ಓಡಾಡೋ ರಸ್ತೆ, ನುಣುಪು ಕಡೆ ಈಚೆಗಿರಲಿ ಅಂತ ಫೋನಲ್ಲೇ ಹೇಳ್ಬಿಟ್ರಂತೆ. ನಾನು ಆ ವಾರ ರಜಾದಲ್ಲಿದ್ದೆ. ಮಾವನ ಜೊತೆ ಆಸ್ಪತ್ರೇಲಿ."

ಅದು ನಿಜ. ಆ ವಾರ ಇವರ ಮಂಚದ ಪಕ್ಕದಲ್ಲಿ ಕೂತದ್ದು ಅವಳು. ನಾನು ಲಿಫ್ಟಿಗೆ ಹೆದರಿ ಕೆಳಗೇ ಇದ್ದೆ.

"ವಾಪಸ್ ಹೋಗಿ ನೋಡಿದಾಗ ಎಲ್ಲಾ ನಿಂತಾಗಿತ್ತು. 'ಆಮೇಲೆ ನೋಡೋಣ, ಈಗ ಸಹಿ ಹಾಕು' ಅಂದ್ರು. ಎಲ್ಲಾ ಸರಿಯಿದೆ ಅಂತ ಹಾಕ್ಬಿಟ್ಟೆ ಅತ್ತೆ."

ಗೋಡೆಗೂ ಕಿವಿಯಿದೆ ಎನ್ನುತ್ತಾರೆ. ಈ ಮಹಾರಾಯರು ಕಿವಿಯನ್ನು ಬೆನ್ನಿಗೆ ಹಚ್ಚಿ, ಮುಖಕ್ಕೆ ಪೌಡರ್ ಬಳಿದು ನಿಲ್ಲಿಸಿದ್ದಾರೆ. ಇದನ್ನು ಮಾಡಲು ಓದಿರಲೇಬೇಕು. ಓದದವರ ತಲೆಗೆ ಹೊಳೆಯುವ ತಪ್ಪಲ್ಲ ಇದು.

ಏಪ್ರಿಲ್ ೫, ಭಾನುವಾರ

ಊಟದ ಹೊತ್ತಿಗೆ ಜಗಳ. "ಹೋಗಿ ತಪ್ಪಾಗಿದೆ ಅಂತ ಹೇಳು, ತಿರುಗಿಸಲಿ" ಎಂದೆ.

"ಹೇಳಿದ್ರೆ ನಾನು ಸುಳ್ಳು ಸಹಿ ಹಾಕಿದ್ದೀನಿ ಅಂತ ನಾನೇ ಒಪ್ಪಿಕೊಂಡ ಹಾಗೆ. ಸಾಹೇಬ್ರು ಫೋನಲ್ಲಿ ಹೇಳಿದ್ದಕ್ಕೆ ಸಾಕ್ಷಿ ಎಲ್ಲಿದೆ? ನಕ್ಷೆ ಬರೆಯೋ ಕೆಲಸದಿಂದಲೇ ಕಿತ್ತು ಹಾಕ್ತಾರೆ."

ನನ್ನ ಮಗ ತಟ್ಟೆಯಿಂದ ತಲೆಯೆತ್ತಿದ. ಕಟ್ಟಿಸಿದ ಹಲ್ಲು ತಯಾರಿಸುವ ಅಂಗಡಿಯಲ್ಲಿ ಅವನ ಕೆಲಸ. ಊರವರ ಬಾಯಿಗೆಲ್ಲ ಹಲ್ಲು ಕೂಡಿಸುತ್ತಾನೆ, ತನ್ನ ಬಾಯಿ ಮಾತ್ರ ತೆರೆಯುವುದಿಲ್ಲ. ಅಂಥವನು ಇವತ್ತು ತೆರೆದ. "ಮೂರೇ ಅಂಕ ತಾನೇ ಅಮ್ಮ. ಅಭ್ಯಾಸ ಆಗುತ್ತೆ ಬಿಡು."

"ನಿಂಗೆ ಅಭ್ಯಾಸ ಆಗುತ್ತೆ ಕಣೋ. ನೀನು ಹುಟ್ಟಿದಾಗಿನಿಂದ ಮೂಗನೇ" ಎಂದೆ.

ಇವರು ಗಂಜಿಯ ಬಟ್ಟಲು ಹಿಡಿದುಕೊಂಡು ನಮ್ಮನ್ನೆಲ್ಲ ನೋಡುತ್ತಿದ್ದರು. ತಲೆಯೊಳಗೆ ಎಲ್ಲವೂ ನೆಟ್ಟಗಿದೆ ಇವರಿಗೆ, ದಾರಿ ಮಾತ್ರ ಮುಚ್ಚಿದೆ.

ಏಪ್ರಿಲ್ ೧೧, ಶನಿವಾರ

ಬರೆಯಲು ಮನಸ್ಸಿಲ್ಲ, ಆದರೂ.

ಬೆಳಿಗ್ಗೆ ಇವರು ಕಿಟಕಿಯ ಹತ್ತಿರ ಕೂತು ನನ್ನನ್ನು ಕೈಸನ್ನೆ ಮಾಡಿ ಕರೆದರು. ಏನೋ ಹೇಳಲು ಬಾಯಿ ತೆರೆದರು. ಲಾರಿ ಬಂತು. ಕಾದರು. ಮತ್ತೆ ತೆರೆದರು. ಬಸ್ಸು. ನಾನು ಬಗ್ಗಿ ಕಿವಿಯನ್ನು ಇವರ ತುಟಿಗೇ ಹಿಡಿದೆ. ಮತ್ತೆ ಏನೋ ಬಂತು, ಅದರ ತಲೆಯ ಮೇಲೆ ಟ್ಯಾಂಕರು. ಇವರು ಬಾಯಿ ಮುಚ್ಚಿ, ಕೈಯಾಡಿಸಿ, ಹೋಗಲಿ ಬಿಡು ಎಂಬಂತೆ ಗೋಡೆಯ ಕಡೆ ತಿರುಗಿದರು. ಆಮೇಲೆ ಟೀಚರ್ ಬಂದಾಗ ಕಾರ್ಡುಗಳನ್ನು ತಳ್ಳಿಬಿಟ್ಟರು. ಬಚ್ಚಲಿಗೂ ಏಳಲಿಲ್ಲ.

"ಹೀಗೆ ಬಿಟ್ಬಿಟ್ರೆ ಮಾತು ಒಳಗೇ ಕೂತ್ಬಿಡುತ್ತೆ ಅಮ್ಮ" ಎಂದಳು ಟೀಚರ್.

ಬೆಳಗಿನ ಆಟವನ್ನೆಲ್ಲ ಸೊಸೆ ಬಾಗಿಲಲ್ಲಿ ನಿಂತು ನೋಡಿದ್ದಳು. ಕೈಯಲ್ಲಿ ಇವರಿಗೆಂದು ತಂದ ಟೀ. ಅದು ಆರಿ ಕೆನೆಗಟ್ಟಿತ್ತು.

ಏಪ್ರಿಲ್ ೧೩, ಸೋಮವಾರ

ಹೋಗಿ ಹೇಳಿದಳಂತೆ. ದೊಡ್ಡ ಸಾಹೇಬನಿಗಲ್ಲ, ಅವನಿಗೂ ಮೇಲಿನವರಿಗೆ. ಸಹಿ ನನ್ನದೇ, ತಪ್ಪೂ ನನ್ನದೇ, ಗೋಡೆಯ ತಗಡಿನ ಪ್ಯಾನೆಲ್ ತಿರುಗಿಸಬೇಕು ಎಂದು.

ಬಂದವಳು ಚಪ್ಪಲಿ ಬಿಡದೆ ಅಡುಗೆಮನೆಯವರೆಗೂ ನಡೆದಳು. ನಾನು ಬೈಯಲಿಲ್ಲ. ನೆಲ ಹೇಗೂ ಒರೆಸುವುದಿತ್ತು.

ಏಪ್ರಿಲ್ ೨೪, ಶುಕ್ರವಾರ

ಮೇಲಿನವರು ಅಳೆದು ನೋಡಿ ಎಂದು ಕಳಿಸಿದ್ದಕ್ಕೆ ದೊಡ್ಡ ಸಾಹೇಬ ನಮ್ಮ ಮನೆಗೇ ಬಂದ. ಸೆಂಟು ಅವನಿಗಿಂತ ಮುಂಚೆ ಮೆಟ್ಟಿಲು ಹತ್ತಿತು. ಜೊತೆಯಲ್ಲಿ ಯಂತ್ರ ಹೊರಲು ಒಬ್ಬ. ಸೊಸೆ ಮೂಲೆಯಲ್ಲಿ, ಸ್ವಂತ ಮನೆಯಲ್ಲಿ ಬಾಡಿಗೆಯವಳ ಹಾಗೆ ನಿಂತಿದ್ದಳು. ನೋಡಿ ನನಗೆ ಮೈ ಉರಿಯಿತು.

ಕಿಟಕಿಯಲ್ಲಿ ಅಳೆದರು. ಮೂರೇ ಬಂತು. ಸಾಹೇಬ ನಕ್ಕ. "ಮೂರಕ್ಕೆ ಇಷ್ಟು ರಾದ್ಧಾಂತವೇನಮ್ಮ? ಮನುಷ್ಯನ ಕಿವಿಗೆ ಇದು ಗೊತ್ತೇ ಆಗಲ್ಲ. ಈಯಮ್ಮ ಸುಮ್ನೆ ಸೂಕ್ಷ್ಮ."

"ಈಯಮ್ಮ ಅಲ್ಲ, ಇಂಜಿನಿಯರ್ ಅನ್ನಿ" ಎಂದೆ. "ಕೂತ್ಕೊಳಿ ಸಾಹೇಬ್ರೆ. ಬಂದೋರು ಮನೆ ಯಜಮಾನರನ್ನ ಮಾತಾಡಿಸ್ದೆ ಹೋಗ್ಬಾರ್ದು."

ಗಂಜಿಯ ಬಟ್ಟಲು ತೊಡೆಯ ಮೇಲಿಟ್ಟುಕೊಂಡು ಕೂತಿದ್ದ ಇವರ ಎದುರಿಗೇ ಕುರ್ಚಿ ಹಾಕಿದೆ. ಇವರಿಗೆ ಅರ್ಥವಾಯಿತು. ಕೈ ಜೋಡಿಸಿದರು, ತುಟಿ ಕೂಡಿಸಿದರು. ಸಾಹೇಬ "ಆಂ?" ಎಂದ. ಇವರು ಮತ್ತೆ ಪ್ರಯತ್ನಿಸಿದರು. ಅವನು ಬಗ್ಗಿದ. "ಆಂ? ಏನಂದ್ರಿ?" ಕೊನೆಗೆ ಅವನ ಕಿವಿ ಇವರ ಗಲ್ಲಕ್ಕೆ ತಾಗುವಷ್ಟು ಬಗ್ಗಿದ, ಟೈ ಹೋಗಿ ಗಂಜಿಯಲ್ಲಿ ಮುಳುಗಿತು.

"ಸ್ವಲ್ಪ ಇರಿ" ಎಂದೆ. "ಆ ಲಾರಿ ಹೋಗಲಿ. ಅದರ ಪಕ್ಕದಲ್ಲಿ ನೀವು ಕಳಿಸಿದ್ದು ಇನ್ನೊಂದು ಇದೆಯಲ್ಲ, ಅದೂ ಹೋಗಲಿ."

ಯಂತ್ರ ಹೊತ್ತವನು ಕೆಮ್ಮಿದ ಹಾಗೆ ಮಾಡಿ ಆ ಕಡೆ ತಿರುಗಿದ. ಸಾಹೇಬ ಟೈ ಒರೆಸಿಕೊಳ್ಳುತ್ತ, ವರದಿ ಮಾಡ್ತೀನಿ ಎಂದು ಎದ್ದ. ಹೋಗುವಾಗ ಸೊಸೆಯ ಹತ್ತಿರ ನಿಂತು ಏನೋ ಹೇಳಿದ. ಅವಳ ಮುಖದಿಂದ ರಕ್ತ ಇಳಿದದ್ದು ನನಗೆ ದೂರದಿಂದಲೂ ಕಂಡಿತು. ಏನೆಂದ ಎಂದು ಕೇಳಿದರೆ ಹೋಗಿ ಪಾತ್ರೆ ತಿಕ್ಕಲು ನಿಂತಳು.

ಗಂಜಿ ಚೆಲ್ಲಿ ಬೇರೆ ಮಾಡಿದೆ. ಸೆಂಟಿನ ಗಂಜಿ ಯಾರು ಕುಡಿಯುತ್ತಾರೆ?

ಮೇ ೮, ಶುಕ್ರವಾರ

ತಿರುಗಿಸಲು ಅಪ್ಪಣೆಯಾಯಿತು. ಅದರ ಜೊತೆಗೇ ಇನ್ನೊಂದು. ಜೂನಿನಿಂದ ಸೊಸೆ ನಕ್ಷೆಯ ಮೇಜಿಗೆ ಹೋಗುವ ಹಾಗಿಲ್ಲ, ಗೋಡೆ ನೋಡಿಕೊಳ್ಳುವ ತಂಡಕ್ಕೆ. ಹೊಗೆ ಮೆತ್ತಿದ್ದನ್ನು ತೊಳೆಯುವುದು, ಬೋಲ್ಟು ಬಿಗಿ ಮಾಡುವುದು, ಬುಡದ ರಬ್ಬರ್ ಪಟ್ಟಿ ಹರಿದಿದ್ದರೆ ಬದಲಿಸುವುದು. ಫೋನಿನಲ್ಲಿ ಹೇಳಿದ ಸಾಹೇಬ ಇದ್ದಲ್ಲೇ ಇದ್ದಾನೆ. ಬಾಯಿಗೆ ಶಿಕ್ಷೆಯಿಲ್ಲ, ಕೈಗೆ ಶಿಕ್ಷೆ.

ಮಗ ಅವಳ ತಲೆ ಸವರಿದ. ಮೂಗ ಬಸವ. ಅಷ್ಟಾದರೂ ಮಾಡಿದ.

ಮೇ ೧೭, ಭಾನುವಾರ

ಬೆಳಿಗ್ಗೆಯಿಂದ ಆಚೆ ಬದಿಯ ದಾರಿಗಳನ್ನು ಮುಚ್ಚಿ ಕ್ರೇನ್ ತಂದು ನಿಲ್ಲಿಸಿದರು. ಕಂಬಗಳ ನಡುವಿನಿಂದ ಒಂದೊಂದೇ ಪ್ಯಾನೆಲ್ ಮೇಲಕ್ಕೆ ಎಳೆಯುವುದು, ಗಾಳಿಯಲ್ಲೇ ಹೊರಳಿಸುವುದು, ತೂತಿನ ಮೈ ನಮ್ಮ ಕಡೆಗೆ ಮಾಡಿ ಮತ್ತೆ ಇಳಿಸುವುದು. ದೋಸೆ ಮಗುಚಿದಷ್ಟು ಸುಲಭವೆಂದು ಕೆಳಗಿನ ಅಂಗಡಿಯವನು ಹೇಳುತ್ತಿದ್ದ. ಅವನ ಮನೆಯಲ್ಲಿ ದೋಸೆಗೆ ಕ್ರೇನ್ ಬೇಕೋ ಏನೋ.

ಸೊಸೆ ಹಳದಿ ಕೋಟು, ತಲೆಗೆ ಪ್ಲಾಸ್ಟಿಕ್ ಟೋಪಿ ಹಾಕಿಕೊಂಡು ಬಿಸಿಲಲ್ಲಿ. ಪ್ರತಿ ಪ್ಯಾನೆಲ್ ಇಳಿದಾಗಲೂ ಮಂಡಿಯೂರಿ ಬುಡದಲ್ಲಿ ಕೈಯಾಡಿಸುತ್ತಾಳೆ, ಗೀರು ಬಿದ್ದಲ್ಲಿ ಹಸಿರು ಬಣ್ಣ ಬಳಿಯುತ್ತಾಳೆ. ಸಂದು ಉಳಿದರೆ ಗೋಡೆ ಇದ್ದೂ ಇಲ್ಲದ ಹಾಗೆ ಎಂದು ನಿನ್ನೆ ಹೇಳಿದ್ದಳು. ಒಂದು ಕಡೆ ಪಟ್ಟಿ ಸರಿಯಾಗಿ ಕೂರಲಿಲ್ಲವೆಂದು ಇಳಿಸಿದ್ದನ್ನು ಮತ್ತೆ ಎತ್ತಿಸಿದಳು. ಕ್ರೇನಿನವನು ಗೊಣಗಿದ್ದು ಇಲ್ಲಿಂದಲೇ ಕಾಣುತ್ತಿತ್ತು. ನಕ್ಷೆಯ ಕೆಲಸ ಹೋಗುವ ಕಾಲಕ್ಕೆ ಇಷ್ಟು ಶ್ರದ್ಧೆ ಯಾವ ಮೂರ್ಖರಿಗಿರುತ್ತದೆ?

ಇವರ ಕುರ್ಚಿಯನ್ನು ಕಿಟಕಿಗೆ ಎಳೆದೆ. ಇಬ್ಬರೂ ನೋಡುತ್ತ ಕೂತೆವು. ಮಧ್ಯಾಹ್ನದ ಹೊತ್ತಿಗೆ ನಮ್ಮ ಮನೆಯ ಎದುರಿನ ಭಾಗ ಮುಗಿಯಿತು. ಈಚೆ ಬದಿಯಲ್ಲಿ ವಾಹನಗಳು ಹೋಗುತ್ತಲೇ ಇದ್ದವು. ಸದ್ದೇನೂ ಸತ್ತಿರಲಿಲ್ಲ. ಆದರೆ ಒಂದು ಲಾರಿ ಹೋದರೆ ಈಗ ಒಂದೇ ಲಾರಿ.

ಇವರು ನನ್ನ ತೋಳು ಮುಟ್ಟಿದರು. ತುಟಿ ಕೂಡಿಸಿದರು. ನಾನು ಬಗ್ಗಲಿಲ್ಲ, ಬಾಯಿಯನ್ನೂ ಹಾಕಲಿಲ್ಲ. ಕಾದೆ. ಇಷ್ಟು ಕಾದದ್ದು ನನ್ನ ಜನ್ಮದಲ್ಲೇ ಇಲ್ಲ.

"ಅವಳು... ಊಟ... ಮಾಡಿದ್ಲಾ?"

ಕೂತ ಜಾಗದಲ್ಲೇ ಕೇಳಿಸಿತು.

ತಿಂಗಳುಗಟ್ಟಲೆ ಚಮಚದಲ್ಲಿ ಗಂಜಿ ಕುಡಿಸಿದವಳು ನಾನು. ಬಾಯಿ ಒರೆಸಿದವಳು ನಾನು. ಪೂರ್ತಿ ಮಾತೊಂದು ಮೊದಲ ಬಾರಿಗೆ ಹೊರಗೆ ಬಂದರೆ, ಅದು ಸೊಸೆಯ ಹೊಟ್ಟೆಯ ವಿಚಾರ. ಗಂಡಸು ಜಾತಿಗೆ ಕೃತಜ್ಞತೆ ಎಂಬುದೇ ಇಲ್ಲ. ಅಷ್ಟು ಸಿಟ್ಟು ಬಂತೆಂದರೆ ಕಣ್ಣಲ್ಲಿ ನೀರೇ ಬಂತು.

"ಇಲ್ಲ, ಮಾಡಿಲ್ಲ" ಎಂದೆ. ಡಬ್ಬಿಗೆ ಅನ್ನ ಪಲ್ಯ ತುಂಬಿಕೊಂಡು ಸೇತುವೆ ಹತ್ತಿಳಿದು ಹೋಗಿ ಅವಳ ಮುಂದೆ ಕುಕ್ಕಿದೆ. "ತಿನ್ನು. ನಿಮ್ಮ ಮಾವ ಕೇಳ್ತಿದಾರೆ."

"ಮಾವ ಕೇಳಿದ್ರಾ? ಹೇಗೆ?"

"ಬಾಯಿಂದ. ಇನ್ನು ಹೇಗೆ ಕೇಳ್ತಾರೆ?"

ಬೀದಿಯಲ್ಲಿ, ಆಳುಗಳೆಲ್ಲ ನೋಡುತ್ತಿದ್ದ ಹಾಗೇ ಅವಳು ಡಬ್ಬಿ ಹಿಡಿದುಕೊಂಡು ಅಳಲು ಶುರು ಮಾಡಿದಳು. ಮಾನ ಮರ್ಯಾದೆ ಇಲ್ಲದವಳು. ಟೋಪಿಯನ್ನು ಮುಖದ ಮೇಲೆ ಎಳೆದು ಮುಚ್ಚಿದೆ.

ಮೇ ೨೬, ಮಂಗಳವಾರ

ಟೀಚರ್ ಪಾಠವನ್ನು ಬಚ್ಚಲಿನಿಂದ ಕೋಣೆಗೆ ತಂದಿದ್ದಾಳೆ. ಇವರು ದಿನಕ್ಕೆ ಒಂದೆರಡು ಮಾತು ಸೇರಿಸುತ್ತಿದ್ದಾರೆ. ಹೆಚ್ಚಿನವು ನನ್ನ ಅಡುಗೆಯ ಬಗ್ಗೆ ದೂರು. ಸಂಜೆಯಾದರೆ "ಬಂದ್ಲಾ" ಎಂದು ಕೇಳುವುದು ಬೇರೆ.

ನಿನ್ನೆ ಅವಳು ಬಟ್ಟೆ ಒಣಹಾಕುತ್ತ, ಯಾರಿಗೋ ಹೇಳಿದ ಹಾಗೆ ಹೇಳಿದಳು. "ತೊಳೆಯೋ ಕೆಲಸಕ್ಕೆ ನಾನು ಹೋಗಲ್ಲ ಅತ್ತೆ. ತಿಂಗಳ ಕೊನೆಗೆ ರಾಜೀನಾಮೆ ಕೊಟ್ಬಿಡ್ತೀನಿ. ಎಲ್ರೂ ನಗ್ತಾರೆ."

ಇವತ್ತು ಪುಸ್ತಕ ತೆಗೆದರೆ ಹಾಳೆಯ ಅಂಚಿನಲ್ಲಿ ಹಸಿರು ಬಣ್ಣದ ಹೆಬ್ಬೆರಳ ಗುರುತು. ಈ ಮನೆಯಲ್ಲಿ ಹಸಿರು ಬಣ್ಣ ಮೆತ್ತಿಕೊಂಡು ಬರುವವರು ಒಬ್ಬರೇ. ಹಾಗಾದರೆ ನೀನು ಓದುತ್ತಿದ್ದೀಯ. ಓದು. ಎದುರಿಗೆ ಹೇಳಿದರೆ ನೀನು ಅಳುತ್ತೀಯ, ನಾನು ಬೈಯುತ್ತೇನೆ, ಮಾತು ಅಲ್ಲಿಗೇ ಮುರಿಯುತ್ತದೆ.

ನಗುವವರು ಯಾರು? ಟೈಯನ್ನು ಗಂಜಿಯಲ್ಲಿ ಅದ್ದಿದವನೇ? ನೀನು ಬಿಟ್ಟರೆ ಅವನು ಸಿಹಿ ಹಂಚುತ್ತಾನೆ. ನಾಳೆ ಇನ್ನೊಂದು ರಸ್ತೆಯಲ್ಲಿ, ಇನ್ನೊಬ್ಬರ ಮನೆಯೆದುರು ತೂತನ್ನು ಮತ್ತೆ ಆಚೆಗೆ ತಿರುಗಿಸುತ್ತಾನೆ. ಅಲ್ಲೂ ಒಬ್ಬ ಮುದುಕ ಬಚ್ಚಲಲ್ಲಿ ಕುರ್ಚಿ ಹಾಕಿಕೊಂಡು ಕೂತಿರುತ್ತಾನೆ. ತೂತಿನಲ್ಲಿ ಧೂಳು ಕಟ್ಟಿದರೆ ತೊಳೆಯುವುದು, ಬುಡದಲ್ಲಿ ಸಂದು ಬಿದ್ದರೆ ಮುಚ್ಚುವುದು ಕೀಳು ಕೆಲಸವೇ? ಹಾಗಾದರೆ ನಾನು ಇಷ್ಟು ವರ್ಷ ಈ ಮನೆಯಲ್ಲಿ ಮಾಡಿದ್ದೇನು? ಗೋಡೆ ನಿಲ್ಲಿಸುವುದು ಒಂದು ದಿನದ ಕೆಲಸ, ಉಳಿಸಿಕೊಳ್ಳುವುದು ದಿನವೂ. ನಿನ್ನ ಮಾವನಿಗೆ ಇನ್ನೂ ಅರ್ಧ ಭಾಷೆ ಬರುವುದು ಬಾಕಿಯಿದೆ. ಎದುರಿನ ಗೋಡೆಯನ್ನು ಬೇರೆ ಯಾವ ದರಿದ್ರನ ಕೈಗೂ ನಾನು ಬಿಡುವುದಿಲ್ಲ.

ಆ ಗೋಡೆಯ ಕೆಲಸಕ್ಕೆ ಹೋಗುತ್ತೀಯೋ ಇಲ್ಲವೋ, ಈ ಸಾಲಿನ ಕೆಳಗೆ ಬರೆ. ಕಾರಣ, ಕತೆ ಬೇಡ, ಒಂದು ಮಾತು ಸಾಕು. ದಪ್ಪ ಅಕ್ಷರದಲ್ಲಿ ಬರೆ, ನಿನ್ನ ಮಾವನ ಕೈಲಿ ಗಟ್ಟಿಯಾಗಿ ಓದಿಸಬೇಕು. ಜೂನ್ ಹುಟ್ಟುವುದರೊಳಗೆ ಬರೆ.